ಹಾಡಿನೊಳಗೆ ಬಂದ ಹೊಗೆಬಂಡಿ

ಕಕ್ಕಬೆಯ ಹುಡುಗನೊಬ್ಬ ರೈಲು ನೋಡಬೇಕೆಂದರೆ ಮೊದಲು ಬಸ್ಸು ಹತ್ತಬೇಕು. ನಾಪೋಕ್ಲು ದಾರಿಯಾಗಿ ಮಡಿಕೇರಿಗೆ ಬಂದು ಅಲ್ಲಿಂದ ಮೈಸೂರಿಗೆ ಹೋಗಬೇಕು. ಇಲ್ಲವೇ ವಿರಾಜಪೇಟೆಯಿಂದ ಮಾಕುಟ್ಟದ ಘಟ್ಟವಿಳಿದು ಕಣ್ಣೂರು, ತಲಚೇರಿಯ ಕಡೆಗೆ ಸಾಗಬೇಕು. ರೈಲು ಬೆಂಗಳೂರಿಗೆ 1864ರಲ್ಲಿ, ಮೈಸೂರಿಗೆ 1882ರಲ್ಲಿ, ಮಂಗಳೂರಿಗೆ 1907ರಲ್ಲಿ ಬಂದಿತು. ಕೊಡಗು ಜಿಲ್ಲೆಗೆ ಮಾತ್ರ ಇಂದಿಗೂ ಬಂದಿಲ್ಲ. ಇಲ್ಲಿನ ಕಾಫಿ ಒಂದು ಕಾಲದಲ್ಲಿ ಎತ್ತಿನ ಗಾಡಿಗಳಲ್ಲಿ ಘಟ್ಟವಿಳಿದು ಕರಾವಳಿ ಸೇರುತ್ತಿತ್ತು. 1748 ಮೀಟರ್ ಎತ್ತರದ ತಡಿಯಂಡಮೋಳ್ ಬೆಟ್ಟದ ಬುಡದಲ್ಲಿ ನಿಂತು ಎಷ್ಟು ಕಿವಿಗೊಟ್ಟರೂ ರೈಲಿನ ಕೂಗು ಕೇಳಿಸದು.

ಆದರೂ ಅದೇ ಹುಡುಗ ಚಿಕ್ಕವನಿದ್ದಾಗ ಗೆಳೆಯರ ಅಂಗಿಯ ಚುಂಗು ಹಿಡಿದು ‘ಚುಕುಬುಕು’ ಎನ್ನುತ್ತ ಅಂಗಳವನ್ನೆಲ್ಲ ಸುತ್ತಿರುತ್ತಾನೆ. ಅಂದರೆ ಹಳಿ ಬಾರದ ಊರಿಗೂ ರೈಲು ಮಾತಾಗಿ, ಆಟವಾಗಿ, ಹಾಡಾಗಿ ಬಂದುಬಿಟ್ಟಿರುತ್ತದೆ. ಇಂದು ನಾವು ಪರಿಶೀಲಿಸಲಿರುವುದು ಹೀಗೆ ಹಾಡಿನೊಳಗೆ ಬಂದ ಒಂದು ರೈಲಿನ ಚರಿತ್ರೆಯನ್ನು. ಅದು ಅಮೆರಿಕದ ಕಪ್ಪುಜನರ ಕ್ರೈಸ್ತ ಭಕ್ತಿಗೀತೆಗಳಲ್ಲಿ ಓಡುವ ರೈಲು.

ಗುಲಾಮಗಿರಿಯ ಕಾಲದಲ್ಲಿ ಹುಟ್ಟಿದ ಆ ಜನರ ಭಕ್ತಿಗೀತೆಗಳಿಗೆ ‘ಸ್ಪಿರಿಚುಯಲ್’ ಎಂದು ಹೆಸರು. 20ನೆಯ ಶತಮಾನದಲ್ಲಿ ನಗರಗಳ ಚರ್ಚುಗಳಲ್ಲಿ ಬೆಳೆದ ಹೊಸ ಬಗೆಯ ಹಾಡುಗಳಿಗೆ ‘ಗಾಸ್ಪೆಲ್’ ಎನ್ನುತ್ತಾರೆ. ಗಾಸ್ಪೆಲ್ ಎಂದರೆ ಸುವಾರ್ತೆ. ಈ ಎರಡೂ ಬಗೆಯ ಹಾಡುಗಳಲ್ಲಿ ರೈಲು ಮತ್ತೆ ಮತ್ತೆ ಬರುತ್ತದೆ. ಈ ರೈಲಿನ ಅರ್ಥವೇನು? ಸಾಮಾನ್ಯವಾಗಿ ಎರಡು ಉತ್ತರಗಳು ಸಿಗುತ್ತವೆ. ಅದು ಸ್ವರ್ಗಕ್ಕೆ ಹೋಗುವ ಆತ್ಮದ ಪಯಣ ಎಂಬುದು ಒಂದು. ಅದು ಗುಲಾಮರು ತಪ್ಪಿಸಿಕೊಂಡು ಓಡಲು ಬಳಸಿದ ಗುಟ್ಟಿನ ಸಂಕೇತ ಎಂಬುದು ಇನ್ನೊಂದು. ಎರಡರಲ್ಲೂ ಸತ್ಯಾಂಶವಿದೆ. ಆದರೆ ಎರಡೂ ಸೇರಿದರೂ ಉತ್ತರ ಪೂರ್ಣವಾಗುವುದಿಲ್ಲ. ಹಾಡಿನ ರೈಲು ಯಾವ ಕಾಲದ್ದು, ಆ ಕಾಲದಲ್ಲಿ ಹಾಡಿದವರಿಗೂ ನಿಜವಾದ ರೈಲಿಗೂ ಇದ್ದ ಸಂಬಂಧ ಎಂಥದು ಎಂದು ಕೇಳಿದಾಗ ಮಾತ್ರ ಅದರ ಅರ್ಥ ತೆರೆದುಕೊಳ್ಳುತ್ತದೆ.

ದೇವರ ದಾರಿಗೆ ಜನರ ವಾಹನ

ಮೊದಲು ನಮ್ಮ ನೆಲದಿಂದಲೇ ಆರಂಭಿಸೋಣ. ಕಕ್ಕಬೆಯಲ್ಲಿ ಪಾಡಿ ಇಗ್ಗುತ್ತಪ್ಪನ ಗುಡಿಯಿದೆ. ಮಳೆ ಬೆಳೆಗಳ ದೈವವೆಂದು ಕೊಡಗಿನ ಜನ ನಂಬುವ ಇಗ್ಗುತ್ತಪ್ಪ ತನ್ನ ಒಡಹುಟ್ಟಿದವರೊಡನೆ ಮಲೆಯಾಳ ನಾಡಿನ ಕಡೆಯಿಂದ ಬಂದನೆಂದು ಐತಿಹ್ಯ ಹೇಳುತ್ತದೆ. ಕೊಡವರ ಹಾಡುಗಾರರು ದುಡಿ ಬಾರಿಸುತ್ತ ಹಾಡುವುದೂ ಇಂಥ ಪಯಣಗಳನ್ನೇ. ಬೆಟ್ಟಗುಡ್ಡಗಳ ನಾಡಿನಲ್ಲಿ ದೇವರೂ ದಾರಿ ನಡೆಯಲೇಬೇಕು.

ಇನ್ನು ಕನ್ನಡದ ಭಕ್ತಿಪರಂಪರೆಯನ್ನು ನೋಡಿ. 12ನೆಯ ಶತಮಾನದ ಅಂಬಿಗರ ಚೌಡಯ್ಯ ದೋಣಿ ನಡೆಸುವ ಕಾಯಕದವನು. ಆ ಕಾಯಕವನ್ನೇ ತನ್ನ ವಚನಗಳ ಅಂಕಿತದಲ್ಲಿ ಉಳಿಸಿಕೊಂಡನು. ಪುರಂದರದಾಸರು ದೇವರನ್ನೇ ಅಂಬಿಗನೆಂದು ಕರೆದರು. ಡಿ.ವಿ.ಜಿ.ಯವರು ‘ಮಂಕುತಿಮ್ಮನ ಕಗ್ಗ’ದಲ್ಲಿ ಬಾಳನ್ನು ಜಟಕಾ ಬಂಡಿಗೆ ಹೋಲಿಸಿದರು. ಬಂಡಿ ಎಳೆಯುವ ಕುದುರೆಗೆ ತನ್ನ ದಾರಿ ತಾನೇ ಆರಿಸುವ ಸ್ವಾತಂತ್ರ್ಯವಿಲ್ಲ ಎಂಬುದು ಆ ಹೋಲಿಕೆಯ ತಿರುಳು.

ನಮ್ಮ ವಿಷಯಕ್ಕೆ ಇನ್ನೂ ಹತ್ತಿರದವರು ಶಿಶುನಾಳ ಶರೀಫರು (1819–1889). ಅವರ ಜೀವಿತಕಾಲದಲ್ಲಿ ಉಗಿಯಿಂದ ನಡೆಯುವ ಯಂತ್ರಗಳು ಉತ್ತರ ಕರ್ನಾಟಕಕ್ಕೆ ಬಂದವು. ಗಿರಣಿಯನ್ನು ಕಂಡ ಶರೀಫರು ಅದನ್ನೇ ವಸ್ತುವಾಗಿಸಿ ತತ್ವಪದ ಕಟ್ಟಿದರು. ‘ಗಿರಣಿ ವಿಸ್ತಾರ’ದ ಆ ಪದ ಇಂದಿಗೂ ಭಜನೆಯ ಮೇಳಗಳಲ್ಲಿ ಕೇಳಿಬರುತ್ತದೆ. ನೀರು, ಬೆಂಕಿ, ಗಾಳಿ ಸೇರಿ ಯಂತ್ರ ನಡೆಯುತ್ತದೆ. ನಮ್ಮ ದೇಹವೂ ಪಂಚಭೂತಗಳಿಂದಲೇ ನಡೆಯುತ್ತದೆ. ಹೊಸ ಯಂತ್ರವನ್ನು ನೋಡಿ ಬೆಚ್ಚದೆ, ಅದನ್ನು ತಮ್ಮ ಅಧ್ಯಾತ್ಮದ ಮಾತಿಗೆ ಒಗ್ಗಿಸಿಕೊಂಡದ್ದು ಶರೀಫರ ದೊಡ್ಡತನ. ಅವರು ಹೀಗೆ ಹಾಡುತ್ತಿದ್ದ ಕಾಲದಲ್ಲಿಯೇ ಸಾಗರದಾಚೆಯ ಕಪ್ಪುಜನರೂ ಉಗಿಯಂತ್ರವೊಂದನ್ನು ಭಕ್ತಿಗೀತೆಯೊಳಗೆ ತಂದಿದ್ದರು. ಆದರೆ ಅವರ ಯಂತ್ರ ಒಂದೆಡೆ ನಿಂತು ತಿರುಗುವ ಗಿರಣಿಯಲ್ಲ. ಹಳಿಯ ಮೇಲೆ ಓಡುವ ಬಂಡಿ. ಈ ವ್ಯತ್ಯಾಸ ಮುಖ್ಯವಾದುದು. ಇದ್ದಲ್ಲಿಂದ ಕದಲಲು ಹಕ್ಕಿಲ್ಲದ ಜನಕ್ಕೆ, ಓಡುವ ಯಂತ್ರಕ್ಕಿಂತ ದೊಡ್ಡ ಕನಸು ಇನ್ನೇನಿದ್ದೀತು?

ಹಳಿ ಹಾಸಿದವರು, ಹತ್ತಿದವರು

ಅಮೆರಿಕದಲ್ಲಿ ಪ್ರಯಾಣಿಕರ ರೈಲು ಓಡಲು ಆರಂಭಿಸಿದ್ದು 1830ರ ಸುಮಾರಿಗೆ. ದಕ್ಷಿಣದ ರಾಜ್ಯಗಳಲ್ಲಿ ಕಾಡು ಕಡಿದು, ದಿಬ್ಬ ಅಗೆದು, ಹಳಿ ಹಾಸಿದವರಲ್ಲಿ ಬಹುಸಂಖ್ಯೆಯ ಗುಲಾಮರಿದ್ದರು. ರೈಲು ಕಂಪನಿಗಳು ಅವರನ್ನು ಒಡೆಯರಿಂದ ಬಾಡಿಗೆಗೆ ಪಡೆಯುತ್ತಿದ್ದವು. ಕೆಲವು ಕಂಪನಿಗಳು ಕೊಂಡುಕೊಂಡದ್ದೂ ಉಂಟು. ಹಳಿ ಹಾಸಿದವನಿಗೆ ಒಡೆಯನ ಚೀಟಿಯಿಲ್ಲದೆ ಅದೇ ಹಳಿಯ ಮೇಲೆ ಪಯಣಿಸುವ ಹಕ್ಕಿರಲಿಲ್ಲ. ಮಾರಾಟವಾದ ಗುಲಾಮರನ್ನು ದೂರದ ಹತ್ತಿಯ ತೋಟಗಳಿಗೆ ಸಾಗಿಸಲೂ ಅದೇ ರೈಲು ಬಳಕೆಯಾಯಿತು. ತಾಯಿಯಿಂದ ಮಗುವನ್ನು ಅಗಲಿಸಿದ ವಾಹನವೂ ಅದೇ.

ರೈಲನ್ನು ಭಕ್ತಿಗೆ ಹೋಲಿಸಿದವರು ಕಪ್ಪುಜನರು ಮಾತ್ರ ಎಂದು ತಿಳಿಯಬಾರದು. ಇಂಗ್ಲೆಂಡಿನ ಈಲಿ ಪಟ್ಟಣದ ಮಹಾದೇವಾಲಯದಲ್ಲಿ ಒಂದು ಸಮಾಧಿ ಕಲ್ಲಿದೆ. 1845ರ ಡಿಸೆಂಬರಿನಲ್ಲಿ ಅಪಘಾತದಲ್ಲಿ ಸತ್ತ ಇಬ್ಬರ ನೆನಪಿಗಾಗಿ ಇಟ್ಟ ಆ ಕಲ್ಲಿನ ಮೇಲಿನ ಪದ್ಯ ಸ್ವರ್ಗಕ್ಕೆ ಹೋಗುವ ರೈಲುದಾರಿಯನ್ನು ವರ್ಣಿಸುತ್ತದೆ. ಅದಕ್ಕೆ ಎರಡು ವರ್ಷ ಮೊದಲು, 1843ರಲ್ಲಿ, ಅಮೆರಿಕದ ಕಥೆಗಾರ ನಥಾನಿಯಲ್ ಹಾಥಾರ್ನ್ ‘ಸೆಲೆಸ್ಟಿಯಲ್ ರೈಲ್‌ರೋಡ್’ ಎಂಬ ವಿಡಂಬನೆಯ ಕಥೆ ಬರೆದನು. ಜಾನ್ ಬನಿಯನ್ನನ ‘ಪಿಲ್ಗ್ರಿಮ್ಸ್ ಪ್ರೋಗ್ರೆಸ್’ ಕೃತಿಯಲ್ಲಿ ಯಾತ್ರಿಕನು ಬೆನ್ನ ಮೇಲೆ ಪಾಪದ ಹೊರೆ ಹೊತ್ತು ಕಾಲ್ನಡಿಗೆಯಲ್ಲಿ ಸ್ವರ್ಗದ ಪಟ್ಟಣಕ್ಕೆ ಹೋಗುತ್ತಾನೆ. 19ನೆಯ ಶತಮಾನದಲ್ಲಿಯೇ ಕನ್ನಡಕ್ಕೂ ಬಂದ ಕೃತಿಯದು. ಹಾಥಾರ್ನನ ಕಥೆಯಲ್ಲಿ ಹೊಸ ಕಾಲದ ಯಾತ್ರಿಕರು ಹೊರೆಯನ್ನು ಸಾಮಾನಿನ ಡಬ್ಬಿಗೆ ಹಾಕಿ, ಹಾಯಾಗಿ ರೈಲಿನಲ್ಲಿ ಕುಳಿತು ಹರಟೆ ಹೊಡೆಯುತ್ತ ಹೋಗುತ್ತಾರೆ. ಕೊನೆಗೆ ಆ ರೈಲು ಅವರನ್ನು ಸ್ವರ್ಗಕ್ಕೆ ಮುಟ್ಟಿಸುವುದಿಲ್ಲ.

ಹಾಥಾರ್ನನಿಗೆ ರೈಲು ಸುಖಲೋಲುಪತೆಯ ಗುರುತು. ಕಪ್ಪುಜನರ ಹಾಡಿನಲ್ಲಿ ಅದು ವಿಮೋಚನೆಯ ಗುರುತು. ಒಂದೇ ವಸ್ತುವಿಗೆ ಎರಡು ವಿರುದ್ಧ ಅರ್ಥಗಳು ಬಂದುದೇಕೆ? ಹಾಥಾರ್ನನ ಓದುಗರಿಗೆ ಟಿಕೆಟ್ಟು ಕೊಳ್ಳುವುದು ದಿನನಿತ್ಯದ ಮಾತು. ಬೇಕೆಂದಾಗ ಹತ್ತಬಲ್ಲವನು ರೈಲನ್ನು ನೋಡಿ ನಗಬಲ್ಲ. ಹತ್ತಲು ಬಿಡದವನಿಗೆ ಅದು ನಗುವ ವಿಷಯವಲ್ಲ. ಪ್ರತಿಮೆಯ ಅರ್ಥ ವಸ್ತುವಿನಲ್ಲಿ ಅಡಗಿರುವುದಿಲ್ಲ; ವಸ್ತುವಿಗೂ ಮನುಷ್ಯನಿಗೂ ನಡುವೆ ಇರುವ ಸಂಬಂಧದಲ್ಲಿರುತ್ತದೆ.

ನೆಲದಡಿಯ ರೈಲು

ದಕ್ಷಿಣದ ಗುಲಾಮರು ಉತ್ತರದ ಸ್ವತಂತ್ರ ರಾಜ್ಯಗಳಿಗೋ ಕೆನಡಾಕ್ಕೋ ತಪ್ಪಿಸಿಕೊಂಡು ಹೋಗಲು ನೆರವಾದ ಜನರ ಗುಪ್ತ ಜಾಲವೊಂದಿತ್ತು. ಅದಕ್ಕೆ ‘ಅಂಡರ್‌ಗ್ರೌಂಡ್ ರೈಲ್‌ರೋಡ್’, ಅಂದರೆ ನೆಲದಡಿಯ ರೈಲು ಎಂಬ ಹೆಸರು ಬಂದಿತು. ಅದರಲ್ಲಿ ಹಳಿಯೂ ಇರಲಿಲ್ಲ, ಎಂಜಿನ್ನೂ ಇರಲಿಲ್ಲ. ಆಶ್ರಯ ಕೊಡುವ ಮನೆಗೆ ‘ಸ್ಟೇಷನ್’ ಎಂದೂ, ದಾರಿ ತೋರಿಸುವವರಿಗೆ ‘ಕಂಡಕ್ಟರ್’ ಎಂದೂ ಕರೆದರು. 1850ರಲ್ಲಿ ಓಡಿಹೋದ ಗುಲಾಮರನ್ನು ಹಿಡಿದೊಪ್ಪಿಸಲೇಬೇಕೆಂಬ ಕಠಿಣ ಕಾನೂನು ಬಂದ ಮೇಲೆ ಉತ್ತರದ ರಾಜ್ಯಗಳೂ ಸುರಕ್ಷಿತವಾಗಿ ಉಳಿಯಲಿಲ್ಲ. ಈ ಜಾಲದ ಹೆಸರಾಂತ ಕಂಡಕ್ಟರ್ ಹ್ಯಾರಿಯೆಟ್ ಟಬ್‌ಮನ್. 1849ರಲ್ಲಿ ತಾನು ತಪ್ಪಿಸಿಕೊಂಡ ಈಕೆ, ಮುಂದಿನ ಸುಮಾರು ಹತ್ತು ವರ್ಷಗಳಲ್ಲಿ ಹದಿಮೂರರಷ್ಟು ಸಲ ಅಪಾಯದ ನೆಲಕ್ಕೆ ಹಿಂತಿರುಗಿ ಎಪ್ಪತ್ತರಷ್ಟು ಜನರನ್ನು ಕರೆತಂದಳು. ತನ್ನ ಬಂಡಿ ಎಂದೂ ಹಳಿ ತಪ್ಪಲಿಲ್ಲ, ಒಬ್ಬ ಪ್ರಯಾಣಿಕನನ್ನೂ ಕಳೆದುಕೊಳ್ಳಲಿಲ್ಲ ಎಂದು ಮುಪ್ಪಿನಲ್ಲಿ ಆಕೆ ಹೆಮ್ಮೆಯಿಂದ ಹೇಳಿಕೊಂಡಳು.

ಹೋಲಿಕೆಯ ರೈಲು ಮಾತ್ರವಲ್ಲ, ನಿಜವಾದ ರೈಲೂ ಬಿಡುಗಡೆಯ ದಾರಿಯಾಯಿತು. 1838ರ ಸೆಪ್ಟೆಂಬರ್ 3ರಂದು ಫ್ರೆಡರಿಕ್ ಡಗ್ಲಾಸ್ ಎಂಬ ಯುವಕ ನಾವಿಕನ ವೇಷ ಧರಿಸಿ, ಬೇರೊಬ್ಬನ ಕಾಗದಪತ್ರ ಹಿಡಿದು ಬಾಲ್ಟಿಮೋರಿನಲ್ಲಿ ರೈಲು ಹತ್ತಿದನು. ನಡುವೆ ನದಿಗಳನ್ನು ದಾಟಿ, ಒಂದು ದಿನದೊಳಗೆ ನ್ಯೂಯಾರ್ಕ್ ಸೇರಿ ಸ್ವತಂತ್ರನಾದನು. 1848ರಲ್ಲಿ ಜಾರ್ಜಿಯಾದ ಎಲೆನ್ ಕ್ರಾಫ್ಟ್ ಬಿಳಿಯ ಧಣಿಯಂತೆ ಗಂಡುಡುಗೆ ತೊಟ್ಟಳು; ಗಂಡ ವಿಲಿಯಂ ಆಕೆಯ ಆಳಿನಂತೆ ನಟಿಸಿದನು. ಇಬ್ಬರೂ ರೈಲು ಮತ್ತು ಹಡಗುಗಳಲ್ಲಿ ಉತ್ತರಕ್ಕೆ ಪಾರಾದರು. 1849ರಲ್ಲಿ ಹೆನ್ರಿ ಬ್ರೌನ್ ಎಂಬಾತ ತನ್ನನ್ನು ಮರದ ಪೆಟ್ಟಿಗೆಯೊಂದರಲ್ಲಿ ಮುಚ್ಚಿಸಿಕೊಂಡು, ಪಾರ್ಸಲಿನಂತೆ ರಿಚ್‌ಮಂಡ್‌ನಿಂದ ಫಿಲಡೆಲ್ಫಿಯಾಕ್ಕೆ ರವಾನೆಯಾದನು. ಗಾಡಿ, ರೈಲು, ಹಡಗುಗಳನ್ನು ಬದಲಿಸುತ್ತ ಸಾಗಿದ ಆ ಪಯಣ ಒಂದು ಹಗಲು ಒಂದು ರಾತ್ರಿಗೂ ಮೀರಿ ನಡೆಯಿತು. ಪೆಟ್ಟಿಗೆ ತೆರೆದಾಗ ಎದ್ದು ನಿಂತ ಬ್ರೌನ್ ಮೊದಲು ಮಾಡಿದ ಕೆಲಸಗಳಲ್ಲೊಂದು ಕೀರ್ತನೆ ಹಾಡಿದ್ದು. ರೈಲೂ ಭಕ್ತಿಗೀತೆಯೂ ಬಿಡುಗಡೆಯೂ ಒಂದೇ ಮನುಷ್ಯನ ಬಾಳಿನಲ್ಲಿ ಕೂಡಿಬಂದ ಗಳಿಗೆಯದು.

ಗುಟ್ಟಿನ ಭಾಷೆಯೇ?

ಇಲ್ಲಿ ಚರಿತ್ರೆಯ ವಿದ್ಯಾರ್ಥಿ ಎಚ್ಚರದಿಂದಿರಬೇಕು. ಇಷ್ಟೆಲ್ಲ ಓದಿದ ಮೇಲೆ ‘ಹಾಗಾದರೆ ರೈಲಿನ ಹಾಡುಗಳೆಲ್ಲ ತಪ್ಪಿಸಿಕೊಳ್ಳುವವರಿಗೆ ಕೊಟ್ಟ ಸೂಚನೆಗಳೇ’ ಎಂದು ಹೇಳಿಬಿಡಲು ಮನಸ್ಸಾಗುತ್ತದೆ. ಅನೇಕ ಪುಸ್ತಕಗಳೂ ಹಾಗೆಯೇ ಹೇಳುತ್ತವೆ. ಆದರೆ ತೇದಿಗಳನ್ನು ನೋಡೋಣ.

ರೈಲಿನ ಸ್ಪಿರಿಚುಯಲ್‌ಗಳಲ್ಲಿ ಅತ್ಯಂತ ಪ್ರಸಿದ್ಧವಾದುದು ‘ದಿ ಗಾಸ್ಪೆಲ್ ಟ್ರೇನ್’. ಸುವಾರ್ತೆಯ ರೈಲು ಬರುತ್ತಿದೆ, ಎಲ್ಲರಿಗೂ ಜಾಗವಿದೆ, ಹತ್ತಿಕೊಳ್ಳಿರಿ ಎಂಬುದು ಅದರ ಸಾರ. ಇದು ಫಿಸ್ಕ್ ವಿಶ್ವವಿದ್ಯಾನಿಲಯದ ಗಾಯಕರ ಹಾಡುಗಳಲ್ಲಿ ಒಂದಾಗಿ ಅಚ್ಚಾದದ್ದು 1872ರಲ್ಲಿ. ಗುಲಾಮಗಿರಿ ಕಾನೂನಿನಿಂದ ರದ್ದಾದದ್ದು 1865ರಲ್ಲಿ. ಅಂದರೆ ಹಾಡು ಅಚ್ಚಾಗುವಾಗ ನೆಲದಡಿಯ ರೈಲಿನ ಕೆಲಸ ಮುಗಿದು ಏಳು ವರ್ಷಗಳಾಗಿದ್ದವು. ಅಂತರ್ಯುದ್ಧದ ಕಾಲದಲ್ಲಿ, 1863ರಲ್ಲಿ, ಉತ್ತರದ ಸೇನೆಯ ಪಡೆಯೊಂದರಲ್ಲಿ ಬಿಳಿಯ ಉಪದೇಶಕನೊಬ್ಬ ಇದನ್ನು ಹಾಡಿದನೆಂದು ಆ ಪಡೆಯ ಚರಿತ್ರೆಯಲ್ಲಿ ದಾಖಲಾಗಿದೆ. ಹಾಡುಗಳು ಅಚ್ಚಾಗುವುದಕ್ಕೆ ಬಹು ಮುಂಚೆಯೇ ಬಾಯಿಂದ ಬಾಯಿಗೆ ಹರಿಯುತ್ತವೆ ನಿಜ. ನಡಿಕೇರಿಯಂಡ ಚಿಣ್ಣಪ್ಪನವರ ‘ಪಟ್ಟೋಲೆ ಪಳಮೆ’ 1924ರಲ್ಲಿ ಪ್ರಕಟವಾಯಿತೆಂದ ಮಾತ್ರಕ್ಕೆ ಅದರ ಕೊಡವ ಹಾಡುಗಳು 1924ರಲ್ಲಿ ಹುಟ್ಟಿದವೆಂದು ಯಾರೂ ಹೇಳುವುದಿಲ್ಲ. ಆದರೆ ಹಾಡು ಹಳೆಯದಿರಬಹುದು ಎಂಬುದು ಬೇರೆ. ಇಂಥ ರಾತ್ರಿ ಇಂಥ ಹಾಡು ಸೂಚನೆಯಾಗಿತ್ತು ಎಂಬುದು ಬೇರೆ. ಎರಡನೆಯದಕ್ಕೆ ಸಾಕ್ಷಿ ಬೇಕು.

ಒಳ್ಳೆಯ ಸಾಕ್ಷಿಯೊಂದು ನಮಗೆ ಡಗ್ಲಾಸನಲ್ಲಿಯೇ ಸಿಗುತ್ತದೆ. ತಾವು ಕಾನಾನ್ ದೇಶಕ್ಕೆ ಹೋಗುವ ಹಾಡು ಹಾಡುತ್ತಿದ್ದಾಗ ಮನಸ್ಸಿನಲ್ಲಿದ್ದದ್ದು ಸ್ವರ್ಗ ಮಾತ್ರವಲ್ಲ, ಉತ್ತರದ ರಾಜ್ಯಗಳೂ ಆಗಿದ್ದವು ಎಂದು ಆತ 1855ರ ಆತ್ಮಕಥೆಯಲ್ಲಿ ಬರೆದಿದ್ದಾನೆ. ಅದು ನಕ್ಷೆಯೂ ಅಲ್ಲ, ರಹಸ್ಯ ಸಂದೇಶವೂ ಅಲ್ಲ. ಒಂದೇ ಮಾತಿನಲ್ಲಿ ಪರಲೋಕದ ಆಸೆಯೂ ಈ ಲೋಕದ ಆಸೆಯೂ ಏಕಕಾಲಕ್ಕೆ ಉಸಿರಾಡಿದವು. ಅದೇ ಡಗ್ಲಾಸ್ 1845ರಷ್ಟು ಹಿಂದೆಯೇ ಇನ್ನೊಂದು ಮಾತು ಹೇಳಿದ್ದ. ಗೆಳೆಯರು ಹೆಮ್ಮೆಗಾಗಿ ಎಲ್ಲವನ್ನೂ ಬಹಿರಂಗವಾಗಿ ಸಾರಿ, ನೆಲದಡಿಯ ರೈಲನ್ನು ನೆಲದ ಮೇಲಿನ ರೈಲನ್ನಾಗಿ ಮಾಡಿಬಿಟ್ಟಿದ್ದಾರೆ ಎಂದು ಆತ ನೊಂದುಕೊಂಡಿದ್ದ. ನಿಜವಾದ ಗುಟ್ಟು ಮೌನದಲ್ಲಿ ಉಳಿಯುತ್ತದೆ ಎಂಬುದನ್ನು ಬಲ್ಲವನ ಮಾತದು.

ಈ ಎಚ್ಚರ ಏಕೆ ಬೇಕು? ಗುಟ್ಟಿನ ಭಾಷೆಯ ಕಥೆ ರೋಚಕವಾಗಿದೆ. ಆದರೆ ಅದನ್ನೇ ನಂಬಿದರೆ ಹಾಡಿದವರ ಭಕ್ತಿ ಬರೀ ಮುಸುಕಾಗಿಬಿಡುತ್ತದೆ. ಸ್ವರ್ಗದ ಅರ್ಥವನ್ನು ಮಾತ್ರ ನಂಬಿದರೆ ಅವರ ನೋವು ಮರೆಯಾಗುತ್ತದೆ. ಎರಡನ್ನೂ ಒಟ್ಟಿಗೆ ಹಿಡಿದುಕೊಳ್ಳುವುದು ಕಷ್ಟದ ಕೆಲಸ. ಚರಿತ್ರೆಯ ಕೆಲಸವೂ ಅದೇ.

ಎರಡು ಡಬ್ಬಿಗಳ ರೈಲು

1871ರ ಅಕ್ಟೋಬರಿನಲ್ಲಿ ಫಿಸ್ಕ್ ವಿಶ್ವವಿದ್ಯಾನಿಲಯದ ಒಂಬತ್ತು ಮಂದಿ ವಿದ್ಯಾರ್ಥಿಗಳು ಟೆನೆಸಿಯ ನ್ಯಾಶ್‌ವಿಲ್ ನಗರದಿಂದ ಹೊರಟರು. ಸಾಲದಲ್ಲಿ ಮುಳುಗಿದ್ದ ತಮ್ಮ ಸಂಸ್ಥೆಗಾಗಿ ಹಾಡಿ ಹಣ ಕೂಡಿಸುವುದು ಅವರ ಉದ್ದೇಶ. ಅವರಲ್ಲಿ ಹೆಚ್ಚಿನವರು ಗುಲಾಮರಾಗಿ ಹುಟ್ಟಿದವರು. ‘ಜುಬಿಲಿ ಸಿಂಗರ್ಸ್’ ಎಂದು ಹೆಸರಾದ ಈ ತಂಡ 1873ರಲ್ಲಿ ಇಂಗ್ಲೆಂಡಿಗೆ ಹೋಗಿ ವಿಕ್ಟೋರಿಯಾ ರಾಣಿಯ ಮುಂದೆಯೂ ಹಾಡಿತು. ರಾಣಿ ಕೇಳಿದ ಹಾಡುಗಾರರಿಗೆ ತಮ್ಮದೇ ದೇಶದ ಹೋಟೆಲುಗಳಲ್ಲಿ ಕೊಠಡಿ ನಿರಾಕರಿಸಲಾಗಿತ್ತು. ಇವರು ಪ್ರಸಿದ್ಧಿಗೆ ತಂದ ‘ಗಾಸ್ಪೆಲ್ ಟ್ರೇನ್’ ಹಾಡಿನಲ್ಲಿ ಒಂದು ಸಣ್ಣ ವಿವರವಿದೆ. ಆ ರೈಲಿನಲ್ಲಿ ಕೆಳದರ್ಜೆ ಎಂಬುದಿಲ್ಲ, ಎಲ್ಲರಿಗೂ ದರ ಒಂದೇ. ಸ್ವರ್ಗದ ವರ್ಣನೆಯಲ್ಲಿ ಟಿಕೆಟ್ಟಿನ ದರ್ಜೆಯ ಮಾತು ಏಕೆ ಬಂತು?

ಉತ್ತರ ನಿಜವಾದ ರೈಲಿನಲ್ಲಿದೆ. ಡಗ್ಲಾಸನನ್ನು ಸ್ವತಂತ್ರನನ್ನಾಗಿ ಮಾಡಿದ್ದು ರೈಲು. ಮೂರೇ ವರ್ಷಗಳ ನಂತರ, 1841ರಲ್ಲಿ, ಅದೇ ಡಗ್ಲಾಸನನ್ನು ಗುಲಾಮಗಿರಿಯಿಲ್ಲದ ಮ್ಯಾಸಚೂಸೆಟ್ಸ್ ರಾಜ್ಯದಲ್ಲಿಯೇ ಬಿಳಿಯರ ಡಬ್ಬಿಯಿಂದ ಎಳೆದು ಹೊರಹಾಕಲಾಯಿತು. ಗುಲಾಮಗಿರಿ ಮುಗಿದ ಮೇಲೂ ಇದು ನಿಲ್ಲಲಿಲ್ಲ. 1880ರ ದಶಕದಲ್ಲಿ ಟೆನೆಸಿಯಲ್ಲಿ ಶಿಕ್ಷಕಿ ಐಡಾ ಬಿ. ವೆಲ್ಸ್‌ರನ್ನು ಮಹಿಳೆಯರ ಡಬ್ಬಿಯಿಂದ ಬಲವಂತವಾಗಿ ಇಳಿಸಲಾಯಿತು. ಅವರು ದಾವೆ ಹೂಡಿ ಕೆಳಗಿನ ನ್ಯಾಯಾಲಯದಲ್ಲಿ ಗೆದ್ದರು. 1887ರಲ್ಲಿ ರಾಜ್ಯದ ಉಚ್ಚ ನ್ಯಾಯಾಲಯ ಆ ತೀರ್ಪನ್ನು ತಳ್ಳಿಹಾಕಿತು. 1892ರ ಜೂನ್ 7ರಂದು ನ್ಯೂ ಆರ್ಲಿಯನ್ಸಿನಲ್ಲಿ ಹೋಮರ್ ಪ್ಲೆಸಿ ಎಂಬಾತ ಮೊದಲ ದರ್ಜೆಯ ಟಿಕೆಟ್ಟು ಪಡೆದು ಬಿಳಿಯರ ಡಬ್ಬಿಯಲ್ಲಿ ಕುಳಿತು ಬಂಧನಕ್ಕೊಳಗಾದನು. 1896ರಲ್ಲಿ ಅಮೆರಿಕದ ಸುಪ್ರೀಂ ಕೋರ್ಟು, ಡಬ್ಬಿಗಳು ಸಮಾನವಾಗಿದ್ದರೆ ಸಾಕು, ಬೇರೆ ಬೇರೆ ಇರಬಹುದು ಎಂದು ತೀರ್ಪಿತ್ತಿತು. ಆ ತೀರ್ಪಿನ ನೆರಳು ಶಾಲೆ, ಆಸ್ಪತ್ರೆ, ನೀರಿನ ನಲ್ಲಿಗಳವರೆಗೂ ಚಾಚಿತು.

ಪ್ಲೆಸಿಯ ಬಂಧನವಾಗಿ ಸರಿಯಾಗಿ ಒಂದು ವರ್ಷಕ್ಕೆ, 1893ರ ಜೂನ್ 7ರ ರಾತ್ರಿ, ದಕ್ಷಿಣ ಆಫ್ರಿಕದ ಪೀಟರ್‌ಮಾರಿಟ್ಸ್‌ಬರ್ಗ್ ನಿಲ್ದಾಣದಲ್ಲಿ ಮೊದಲ ದರ್ಜೆಯ ಟಿಕೆಟ್ಟು ಹಿಡಿದ ತರುಣ ವಕೀಲರೊಬ್ಬರನ್ನು ಹೊರಗೆ ದಬ್ಬಲಾಯಿತು. ಅವರು ಗಾಂಧೀಜಿ. ತೇದಿಯ ಹೊಂದಿಕೆ ಆಕಸ್ಮಿಕ. ಆದರೆ ಘಟನೆಯ ಹೊಂದಿಕೆ ಆಕಸ್ಮಿಕವಲ್ಲ. ರೈಲು ಎಲ್ಲರನ್ನೂ ಒಂದೇ ದಿಕ್ಕಿಗೆ, ಒಂದೇ ವೇಗದಲ್ಲಿ ಒಯ್ಯುವ ಯಂತ್ರ. ಅದರೊಳಗೆ ಮೇಲು ಕೀಳು ಉಳಿಯಬೇಕೆಂದರೆ ಗೋಡೆ ಕಟ್ಟಲೇಬೇಕು. ಗೋಡೆ ಕಟ್ಟಿದೊಡನೆ ಅನ್ಯಾಯ ಎಲ್ಲರ ಕಣ್ಣಿಗೂ ಕಾಣುತ್ತದೆ. ಗಾಂಧೀಜಿ 1909ರ ‘ಹಿಂದ್ ಸ್ವರಾಜ್’ನಲ್ಲಿ ರೈಲನ್ನು ಖಂಡಿಸಿದರು, 1917ರಲ್ಲಿ ಮೂರನೆಯ ದರ್ಜೆಯ ಪ್ರಯಾಣಿಕರ ಕಷ್ಟದ ಬಗ್ಗೆ ಬರೆದರು, ದೇಶವನ್ನು ಸುತ್ತಿದ್ದು ಅದೇ ಮೂರನೆಯ ದರ್ಜೆಯಲ್ಲಿ. 1934ರ ಫೆಬ್ರವರಿಯಲ್ಲಿ ಹರಿಜನ ಯಾತ್ರೆಯ ಸಲುವಾಗಿ ಕೊಡಗಿಗೆ ಬಂದಾಗ ಮಾತ್ರ ಅವರಿಗೆ ರಸ್ತೆಯೇ ಗತಿಯಾಯಿತು.

ಈಗ ಹಾಡಿನ ಸಣ್ಣ ವಿವರಕ್ಕೆ ಹಿಂತಿರುಗೋಣ. ಕೆಳದರ್ಜೆ ಇಲ್ಲದ ರೈಲು ಎಂದಾಗ ಹಾಡುಗಾರರು ಸ್ವರ್ಗವನ್ನು ಬಣ್ಣಿಸುವ ಜೊತೆಗೆ ಭೂಮಿಯ ಮೇಲಿನ ರೈಲಿಗೆ ಛೀಮಾರಿಯನ್ನೂ ಹಾಕುತ್ತಿದ್ದರು. ಬಿಡುಗಡೆಯ ಮೊದಲು ರೈಲಿನ ಅರ್ಥ ‘ಇಲ್ಲಿಂದ ಹೊರಡುವುದು’ ಎಂದಿತ್ತು. ಬಿಡುಗಡೆಯ ನಂತರ ಅದಕ್ಕೆ ‘ಎಲ್ಲರೊಡನೆ ಕೂರುವುದು’ ಎಂಬ ಅರ್ಥವೂ ಸೇರಿತು.

ಉತ್ತರಕ್ಕೆ ಹೊರಟವರು

20ನೆಯ ಶತಮಾನದಲ್ಲಿ ರೈಲಿನ ಅರ್ಥ ಮತ್ತೊಮ್ಮೆ ಹೊರಳಿತು. 1910ರಿಂದ 1970ರವರೆಗೆ ಸುಮಾರು 60 ಲಕ್ಷ ಕಪ್ಪುಜನರು ದಕ್ಷಿಣದ ಹಳ್ಳಿಗಳನ್ನು ಬಿಟ್ಟು ಷಿಕಾಗೊ, ಡೆಟ್ರಾಯಿಟ್, ನ್ಯೂಯಾರ್ಕ್ ಮುಂತಾದ ನಗರಗಳಿಗೆ ವಲಸೆ ಹೋದರು. ಇದನ್ನು ‘ಮಹಾವಲಸೆ’ ಎನ್ನುತ್ತಾರೆ. ಹತ್ತಿ ಬೆಳೆಗೆ ಬಂದ ಹುಳು, ಸಾಲದ ಹೊರೆ, ಗುಂಪುಕೊಲೆಗಳ ಭೀತಿ ಅವರನ್ನು ಹೊರಡಿಸಿದವು. ಕಾರ್ಖಾನೆಯ ಕೂಲಿ ಅವರನ್ನು ಸೆಳೆಯಿತು. ಬಹಳ ಮಂದಿ ಹೋದದ್ದು ರೈಲಿನಲ್ಲಿ. ಜಾರ್ಜಿಯಾದ ಥಾಮಸ್ ಡಾರ್ಸಿ 1916ರಲ್ಲಿ ಷಿಕಾಗೊಗೆ ಬಂದನು. ಬ್ಲೂಸ್ ಸಂಗೀತ ನುಡಿಸುತ್ತಿದ್ದ ಈತ 1930ರ ದಶಕದಲ್ಲಿ ಅದರ ಲಯವನ್ನು ಚರ್ಚಿನ ಹಾಡಿಗೆ ತಂದು ಗಾಸ್ಪೆಲ್ ಸಂಗೀತದ ಜನಕನೆನಿಸಿಕೊಂಡನು. ಮುಂದೆ ಜಗತ್ಪ್ರಸಿದ್ಧಳಾದ ಗಾಯಕಿ ಮಹೇಲಿಯಾ ಜಾಕ್ಸನ್ 1927ರಲ್ಲಿ ನ್ಯೂ ಆರ್ಲಿಯನ್ಸಿನಿಂದ ಅದೇ ನಗರಕ್ಕೆ ಬಂದಳು. ಹಾಗಾಗಿ ಗಾಸ್ಪೆಲ್ ಎಂಬುದೇ ಒಂದರ್ಥದಲ್ಲಿ ರೈಲಿನಲ್ಲಿ ಬಂದ ಸಂಗೀತ.

ಈ ಕಾಲದ ರೈಲು ಯಾವಾಗಲೂ ಸ್ವರ್ಗಕ್ಕೇ ಹೋಗುತ್ತಿರಲಿಲ್ಲ. 1926ರಲ್ಲಿ ಉಪದೇಶಕ ಜೆ.ಎಂ. ಗೇಟ್ಸ್ ಸಾವಿನ ಕಪ್ಪು ರೈಲು ಬರುತ್ತಿದೆಯೆಂದು ಎಚ್ಚರಿಸುವ ಹಾಡು ಪ್ರವಚನವನ್ನು ಗ್ರಾಮಫೋನ್ ತಟ್ಟೆಗೆ ಕೊಟ್ಟನು. 1927ರಲ್ಲಿ ಎ.ಡಬ್ಲ್ಯು. ನಿಕ್ಸ್ ಎಂಬ ಉಪದೇಶಕ ‘ಬ್ಲ್ಯಾಕ್ ಡೈಮಂಡ್ ಎಕ್ಸ್‌ಪ್ರೆಸ್’ ರೈಲನ್ನು ನರಕಕ್ಕೆ ಓಡಿಸಿದನು. ಅದು ಹೋಗುವ ದಾರಿಯ ಒಂದೊಂದು ನಿಲ್ದಾಣವೂ ಒಂದೊಂದು ಪಾಪ. ನಿಜಕ್ಕೂ ಆ ಹೆಸರಿನ ರೈಲೊಂದು ನ್ಯೂಯಾರ್ಕಿನ ಕಡೆ ಓಡುತ್ತಿತ್ತು. ಹಳ್ಳಿ ಬಿಟ್ಟು ನಗರದ ಆಮಿಷಗಳ ನಡುವೆ ಬಂದು ನಿಂತ ಜನರಿಗೆ ಈ ಪ್ರವಚನ ಹೇಳುತ್ತಿದ್ದುದು ಇಷ್ಟೇ: ರೈಲು ಹತ್ತಿದ ಮಾತ್ರಕ್ಕೆ ಗುರಿ ಸೇರಿದಂತಲ್ಲ.

ಸಂಗೀತದಲ್ಲಿಯೂ ರೈಲಿನ ಸದ್ದು ಇಳಿಯಿತು. ಒಬ್ಬ ಹಾಡಿದರೆ ಉಳಿದವರು ಮರುನುಡಿಯುವ ಈ ಹಾಡುಗಳ ಲಯಕ್ಕೂ ಹಳಿಯ ಮೇಲಿನ ಚಕ್ರದ ತಾಳಕ್ಕೂ ಸಲೀಸಾಗಿ ಹೊಂದಿಕೆಯಾಯಿತು. ಗೋಲ್ಡನ್ ಗೇಟ್ ಕ್ವಾರ್ಟೆಟ್ ಎಂಬ ನಾಲ್ವರ ತಂಡ 1937ರ ಧ್ವನಿಮುದ್ರಣವೊಂದರಲ್ಲಿ ಬರೀ ಬಾಯಿಯಿಂದಲೇ ರೈಲಿನ ಸೀಟಿ, ಗಂಟೆ, ಚಕ್ರಗಳನ್ನು ಕೇಳಿಸಿತು. ನಾಲ್ವರು ಕುಳಿತು ದುಡಿಯ ತಾಳಕ್ಕೆ ಹಾಡುವುದನ್ನು ಕೇಳಿದ ಕೊಡಗಿನ ವಿದ್ಯಾರ್ಥಿಗಳಿಗೆ ಇದರ ಸೊಗಸು ಬೇಗ ಅರ್ಥವಾದೀತು. ಸಿಸ್ಟರ್ ರೊಸೆಟ್ಟಾ ಥಾರ್ಪ್ 1939ರಲ್ಲಿ ಗಿಟಾರ್ ನುಡಿಸುತ್ತ ಹಾಡಿದ ‘ದಿಸ್ ಟ್ರೇನ್’, ಸುಳ್ಳುಗಾರರಿಗೂ ಜೂಜುಗಾರರಿಗೂ ಜಾಗವಿಲ್ಲದ ಶುದ್ಧ ರೈಲೊಂದನ್ನು ಬಣ್ಣಿಸಿತು. ಚರ್ಮದ ಬಣ್ಣ ನೋಡಿ ಹೊರದಬ್ಬುವ ದೇಶದಲ್ಲಿ, ನಡತೆ ನೋಡಿ ಒಳಬಿಡುವ ರೈಲದು. ನಾಗರಿಕ ಹಕ್ಕುಗಳ ಹೋರಾಟ ಬಿರುಸಾಗಿದ್ದ 1965ರಲ್ಲಿ ಕರ್ಟಿಸ್ ಮೇಫೀಲ್ಡ್ ರಚಿಸಿದ ‘ಪೀಪಲ್ ಗೆಟ್ ರೆಡಿ’ ಹಾಡಿನಲ್ಲಿ ಆ ರೈಲಿಗೆ ಟಿಕೆಟ್ಟೇ ಬೇಡ, ನಂಬಿಕೆಯಿದ್ದರೆ ಸಾಕು.

ದೂರದರ್ಶನದ ಪ್ರೇಕ್ಷಕರಿಗೆ ಒಪ್ಪುವ ಇನ್ನೊಂದು ಪ್ರಸಂಗ. 1964ರ ಮೇ ತಿಂಗಳಲ್ಲಿ ಇಂಗ್ಲೆಂಡಿನ ಗ್ರನಾಡಾ ಟೆಲಿವಿಷನ್ನಿನವರು ಮ್ಯಾಂಚೆಸ್ಟರಿನ ಬಳಕೆ ತಪ್ಪಿದ ರೈಲು ನಿಲ್ದಾಣವೊಂದನ್ನು ಅಮೆರಿಕದ ದಕ್ಷಿಣದ ನಿಲ್ದಾಣದಂತೆ ಸಿಂಗರಿಸಿ ‘ಬ್ಲೂಸ್ ಅಂಡ್ ಗಾಸ್ಪೆಲ್ ಟ್ರೇನ್’ ಎಂಬ ಕಾರ್ಯಕ್ರಮ ಚಿತ್ರೀಕರಿಸಿದರು. ಪ್ರೇಕ್ಷಕರು ರೈಲಿನಲ್ಲಿ ಬಂದಿಳಿದು ಒಂದು ಪ್ಲಾಟ್‌ಫಾರಂ ಮೇಲೆ ಕುಳಿತರು. ಎದುರಿನ ಪ್ಲಾಟ್‌ಫಾರಂ ಮೇಲೆ ಮಳೆಯ ನಡುವೆ ಥಾರ್ಪ್ ಹಾಡಿದರು. ದೃಶ್ಯ ಮನೋಹರ. ಆದರೆ ಅಲ್ಲಿ ರೈಲು ಅಲಂಕಾರವಾಗಿತ್ತು. ಹತ್ತಲು ಬಿಡದಿದ್ದವರ ನೋವು ಆ ಸಿಂಗಾರದೊಳಗೆ ಎಷ್ಟರಮಟ್ಟಿಗೆ ಉಳಿಯಿತು ಎಂಬುದು ಯೋಚಿಸಬೇಕಾದ ಮಾತು.

ನಾವು ಓದುವ ಬಗೆ

ಒಟ್ಟಾರೆ ಹೇಳುವುದಾದರೆ, ಗಾಸ್ಪೆಲ್‌ನ ರೈಲು ಒಂದಲ್ಲ. ಗುಲಾಮನ ಕಾಲದಲ್ಲಿ ಅದು ಹೊರಡುವ ಆಸೆ. ಬೇರೆ ಡಬ್ಬಿಗಳ ಕಾಲದಲ್ಲಿ ಸಮಾನತೆಯ ಬೇಡಿಕೆ. ವಲಸೆಯ ಕಾಲದಲ್ಲಿ ಎಚ್ಚರಿಕೆ. ಹೋರಾಟದ ಕಾಲದಲ್ಲಿ ಕೂಡಿ ನಡೆಯುವ ಕರೆ. ಇಷ್ಟೆಲ್ಲದರ ಜೊತೆಗೆ ಅದು ದೇವರೆಡೆಗೆ ಹೋಗುವ ಬಂಡಿಯಾಗಿಯೂ ಉಳಿಯಿತು. ಆದುದರಿಂದ ಯಾವ ಹಾಡಿನಲ್ಲಿ ಯಾವ ಪ್ರತಿಮೆ ಕಂಡರೂ ನಾವು ಕೇಳಬೇಕಾದ ಪ್ರಶ್ನೆಗಳು ಸರಳವಾದವು. ಇದು ಯಾವಾಗಿನದು? ಯಾರು ಹಾಡಿದರು? ಆ ವಸ್ತು ಅವರ ಕೈಗೆ ಸಿಗುತ್ತಿತ್ತೆ, ಇಲ್ಲವೆ? ಹಾಡನ್ನು ಬರೆದಿಟ್ಟವರು ಯಾರು?

ಕೊನೆಯ ಪ್ರಶ್ನೆ ನಮ್ಮನ್ನು ಮತ್ತೆ ಕಕ್ಕಬೆಗೆ ಕರೆತರುತ್ತದೆ. ಇಲ್ಲಿನ ನಾಲ್ಕುನಾಡು ಅರಮನೆಯನ್ನು ನೋಡಲು ಬರುವವರಿಗೆ ಕೊಡಗಿನ ಕೊನೆಯ ಅರಸ ಚಿಕ್ಕವೀರರಾಜೇಂದ್ರನ ಕಥೆ ಹೇಳುತ್ತಾರೆ. ಆತ ರಾಜ್ಯ ಕಳೆದುಕೊಂಡು ಕೊಡಗು ಕಂಪನಿ ಸರಕಾರದ ವಶವಾದದ್ದು 1834ರಲ್ಲಿ. ಅದೇ ವರ್ಷದ ಆಗಸ್ಟ್ 1ರಂದು ಬ್ರಿಟಿಷ್ ಸಾಮ್ರಾಜ್ಯದಲ್ಲಿ ಗುಲಾಮಗಿರಿ ರದ್ದತಿಯ ಕಾನೂನು ಜಾರಿಗೆ ಬಂದಿತು. ಆದರೆ ಈಸ್ಟ್ ಇಂಡಿಯಾ ಕಂಪನಿಯ ನೆಲಕ್ಕೆ ಅದು ಅನ್ವಯವಾಗಲಿಲ್ಲ. ಇಲ್ಲಿ ಗುಲಾಮಗಿರಿಯ ಕಾನೂನುಬದ್ಧ ಮಾನ್ಯತೆ ಹೋದದ್ದು 1843ರ ಕಾಯಿದೆಯಿಂದ. ಕೊಡಗಿನ ಗದ್ದೆಗಳಲ್ಲಿಯೂ ತಲೆತಲಾಂತರವಾಗಿ ಜೀತ ದುಡಿದವರಿದ್ದರು. ನಾಟಿಯ ಗದ್ದೆಯಲ್ಲಿ, ತೋಟದ ಲೈನು ಮನೆಗಳಲ್ಲಿ ಅವರಿಗೂ ಹಾಡುಗಳಿದ್ದವು. ಫಿಸ್ಕ್‌ನ ವಿದ್ಯಾರ್ಥಿಗಳು ತಮ್ಮ ತಾಯಿತಂದೆಗಳ ಹಾಡನ್ನು ನಾಚಿಕೆಪಡದೆ ಜಗತ್ತಿನ ಮುಂದಿಟ್ಟರು. ನಮ್ಮ ವಿದ್ಯಾರ್ಥಿಗಳೂ ಒಂದು ರಜೆಯಲ್ಲಿ ಪುಸ್ತಕ ಪೆನ್ಸಿಲ್ಲು ಹಿಡಿದು ಊರಿನ ಹಿರಿಯರ ಬಳಿ ಕುಳಿತುಕೊಳ್ಳಬಹುದು. ಅಜ್ಜಿ ನಾಟಿಯ ಹಾಡು ಹೇಳಿದರೆ ಅದರಲ್ಲಿ ಯಾವ ದಾರಿ, ಯಾವ ಹೊಳೆ, ಯಾವ ಗಾಡಿ ಬರುತ್ತದೆಂದು ಗುರುತು ಹಾಕಿಕೊಳ್ಳಬಹುದು. ಹಾಡಿದವರ ಹೆಸರು, ಊರು, ತೇದಿಗಳನ್ನು ಪುಟದ ಮೇಲ್ಗಡೆ ಬರೆಯುವುದನ್ನು ಮಾತ್ರ ಮರೆಯಬಾರದು. ಮುಂದೊಂದು ದಿನ ಆ ಹಾಡಿನ ಅರ್ಥ ಹುಡುಕುವವರು ಮೊದಲು ನೋಡುವುದು ಅದನ್ನೇ.